ಬಾಯಾರಿಕೆಯ ಪರೀಕ್ಷೆ

"ನೀರು ಮುಟ್ಟಿಸಬೇಡಿ ಅಂತ ಹೇಳಿದ್ನಲ್ಲ, ಬಾಬಾ ಹಡೆಬೆ."

"ನಾನೆಲ್ಲಿ ಮುಟ್ಟಿಸ್ದೆ? ನೆಲ ಒರೆಸ್ತಿದ್ದೆ."

"ಒರೆಸೋ ಬಟ್ಟೇನ ಅದು ನೆಕ್ತಾ ಇತ್ತು."

"ನೆಕ್ಕಿದ್ರೆ ನಾನೇನ್ ಮಾಡ್ಲಿ ಡಾಕ್ಟ್ರೇ? ನಾಲಿಗೆ ಅದರದ್ದು."

ಪಶುವೈದ್ಯ ಮೆತುಸೆಲಿ ಖುಪೆ ಜವಾನನನ್ನು ಅಷ್ಟಕ್ಕೇ ಬಿಟ್ಟ. ನಾಯಿಯನ್ನು ತೂಕದ ಹಲಗೆಯ ಮೇಲೆ ನಿಲ್ಲಿಸಿ ಗಡಿಯಾರ ನೋಡಿ ಹಾಳೆಯಲ್ಲಿ ಬರೆದುಕೊಂಡ. ಏಳೂವರೆ, ಇಪ್ಪತ್ತನಾಲ್ಕು ಕಿಲೊ ಮುನ್ನೂರು. ಒಂದು ಗಂಟೆಯ ಹಿಂದೆ ಇಪ್ಪತ್ತನಾಲ್ಕು ಕಿಲೊ ಆರುನೂರು ಇತ್ತು. ಕಳೆದುಹೋದ ಮುನ್ನೂರು ಗ್ರಾಂ ಸಿಮೆಂಟಿನ ಮೇಲೆ ಉಚ್ಚೆಯಾಗಿ ಬಿದ್ದಿತ್ತು. ಹಡೆಬೆ ಒರೆಸಿದ್ದು ಅದನ್ನೇ, ನಾಯಿ ನೆಕ್ಕಿದ್ದೂ ಅದನ್ನೇ.

ಇಪ್ಪತ್ತಮೂರು ಕಿಲೊ ನಾನೂರಕ್ಕೆ ಇಳಿಯುವವರೆಗೆ ನೀರು ಕೊಡುವಂತಿರಲಿಲ್ಲ. ಪರೀಕ್ಷೆಯೆಂದರೆ ಅಷ್ಟೆ. ಬಾಯಾರಿದ ಪ್ರಾಣಿಯನ್ನು ಬಾಯಾರಿಸುವುದು, ಗಂಟೆಗೊಮ್ಮೆ ತೂಗುವುದು, ಉಚ್ಚೆ ಗಟ್ಟಿಯಾಯಿತೇ ಎಂದು ಗಾಜಿನಲ್ಲಿ ನೋಡುವುದು. ಹನ್ನೊಂದು ವರ್ಷದ ವೃತ್ತಿಯಲ್ಲಿ ಅವನು ಇದನ್ನು ಮಾಡುತ್ತಿದ್ದದ್ದು ಇದೇ ಮೊದಲು. ಬುಲವಾಯೊ ಪಟ್ಟಣದ ಈ ಪಶು ಆಸ್ಪತ್ರೆಗೆ ಬರುತ್ತಿದ್ದದ್ದು ಕಜ್ಜಿ ಹತ್ತಿದ ನಾಯಿಗಳು, ಹುಚ್ಚುನಾಯಿ ಲಸಿಕೆಗೆಂದು ಸಾಲು ನಿಂತ ನಾಯಿಗಳು, ಕಾವಲು ಕಂಪನಿಗಳ ಗುರ್ರೆನ್ನುವ ನಾಯಿಗಳು. ಕಾಲೇಜಿನ ನೋಟ್ಸಿನಲ್ಲಿ ಹಸಿರು ಶಾಯಿಯಿಂದ ಅಡಿಗೆರೆ ಎಳೆದಿದ್ದ ಕಾಯಿಲೆಯೊಂದು ನಾಲ್ಕು ಕಾಲಿನ ಮೇಲೆ ನಡೆದು ಬಂದಿದ್ದು ಇದೊಂದೇ.

ನಾಯಿಯ ಹೆಸರು ಬಜೊಖತಾಲ. 'ಅವರಿಗೇ ಸುಸ್ತಾಗುತ್ತೆ' ಎಂದು ಅರ್ಥ. ನೆರೆಯವರಿಗೆ ಕೇಳಲೆಂದೇ ಇಟ್ಟ ಇಂಥ ಹೆಸರುಗಳು ಅವನ ರಿಜಿಸ್ಟರಿನಲ್ಲಿ ತುಂಬಿದ್ದವು. 'ನೀವೇನು ಕೊಟ್ಟಿರಿ', 'ನಗಿ ನಗಿ', 'ನಾದಿನಿಗೆ ಗೊತ್ತು'. ಪ್ರತಿಯೊಂದು ಹೆಸರೂ ಯಾವುದೋ ಬೇಲಿಯಾಚೆಗೆ ಎಸೆದ ಕಲ್ಲು. ನಾಯಿಗೆ ಚುಚ್ಚುವಾಗ ಜಗಳಕ್ಕೂ ಲಸಿಕೆ ಹಾಕುತ್ತಿದ್ದೇನೆ ಅನ್ನಿಸಿ ಮೊದಮೊದಲು ನಗು ಬರುತ್ತಿತ್ತು. ಈಚೆಗೆ ಬರುತ್ತಿರಲಿಲ್ಲ.

ಫೋನು ಮೇಜಿನ ಮೇಲೆ ನಡುಗಿತು. ಹೆಂಡತಿ ಥೆಂಜಿವೆ. ಅವಳು ಶಾಲೆಯಲ್ಲಿ ಗಣಿತ ಕಲಿಸುತ್ತಿದ್ದಳು. ಮನೆಯಲ್ಲಿ ಇಬ್ಬರ ನಡುವೆ ಉಳಿದಿದ್ದ ಮಾತೆಂದರೆ ಬಕೆಟ್ಟುಗಳಿಗೆ ಅಂಟಿಸಿದ ಚೀಟಿಗಳು: ಕುಡಿಯಲು, ಪಾತ್ರೆಗೆ, ಪಾಯಿಖಾನೆಗೆ. ನಲ್ಲಿ ಬರುವ ದಿನ ಅವಳು ತುಂಬುತ್ತಿದ್ದಳು, ಬಾರದ ದಿನಗಳಲ್ಲಿ ಇಬ್ಬರೂ ಚೀಟಿ ಓದಿ ಬಳಸುತ್ತಿದ್ದರು. ಫೋನಿನಲ್ಲಿ ಹೀಗಿತ್ತು:

'ನಿನ್ನ ಮಗು ಹೇಗಿದೆ ಎಂದು ಫನುವೆಲನ ಹೆಂಡತಿ ಶಾಲೆಯ ಗೇಟಿನಲ್ಲಿ ಕೇಳಿದಳು. ಸುಧಾರಿಸಿದೆ ಎಂದೆ.'

ಅವನು ಎರಡು ಸಲ ಓದಿದ. ಅವರಿಗೆ ಮಕ್ಕಳಿರಲಿಲ್ಲ.

'ಅದು ನಾಯಿಯ ಔಷಧಿ' ಎಂದು ಬರೆದ. ಅಳಿಸಿದ. 'ಸಂಜೆ ಹೇಳುತ್ತೇನೆ' ಎಂದು ಬರೆದ. ಅದನ್ನೂ ಅಳಿಸಿದ. ಅವಳು ಪ್ರಶ್ನೆಯನ್ನೇ ಕೇಳಿರಲಿಲ್ಲವಲ್ಲ.

ಐದು ವಾರದ ಹಿಂದೆ ಮಾಗುಮೆಡೆ ಈ ನಾಯಿಯನ್ನು ಹಗ್ಗದಲ್ಲಿ ಎಳೆದುಕೊಂಡು ಬಂದಿದ್ದಳು. ಐವತ್ತೈದರ ಹೆಂಗಸು, ಮಕೊಕೋಬಾದ ಒಂದು ವಠಾರದಲ್ಲಿ ಒಂದು ಕೋಣೆ, ಬಸ್ ನಿಲ್ದಾಣದ ಬಾಯಲ್ಲಿ ಬೇಯಿಸಿದ ಜೋಳದ ತೆನೆ ಮಾರುವುದು. ಏಪ್ರಿಲ್‌ನಲ್ಲಿ ನಾಯಿಗೆ ಬಾಡಿಗೆ ವ್ಯಾನೊಂದು ತಲೆಗೆ ಬಡಿದು ಹೋಗಿತ್ತಂತೆ. ಎರಡು ದಿನ ಎಚ್ಚರವಿಲ್ಲದೆ ಬಿದ್ದಿದ್ದು, ಮೂರನೆಯ ದಿನ ಎದ್ದು ನೀರಿನ ಡ್ರಮ್ಮಿಗೆ ಬಾಯಿ ಹಾಕಿತು. ಅಂದಿನಿಂದ ತೆಗೆದಿರಲಿಲ್ಲ. ದಿನಕ್ಕೆ ಹನ್ನೊಂದು ಲೀಟರು. ವಠಾರದ ಐದು ಸಂಸಾರಕ್ಕೆ ಇದ್ದದ್ದು ಮೂರು ಡ್ರಮ್ಮು.

ಮೆತುಸೆಲಿ ರಕ್ತ ನೋಡಿದ. ಸಕ್ಕರೆಯಿಲ್ಲ. ಯಕೃತ್ತು ಸರಿ. ಸೋಂಕಿಲ್ಲ. ಕ್ಯಾಲೆಂಡರಿನ ಹಿಂಬದಿಯಲ್ಲಿ ಅವಳಿಗೆ ಚಿತ್ರ ಬರೆದು ತೋರಿಸಿದ.

"ಇಲ್ಲಿ ತಲೆಯೊಳಗೆ ಒಂದು ಗ್ರಂಥಿ ಇದೆ. ನೀರು ಹಿಡಿದಿಟ್ಕೋ ಅಂತ ಅದು ಕೆಳಗೆ ಮೂತ್ರಪಿಂಡಕ್ಕೆ ಹೇಳಿ ಕಳಿಸುತ್ತೆ. ಹೇಳೋದು ನಿಂತುಹೋದ್ರೆ ಮೂತ್ರಪಿಂಡ ಎಲ್ಲಾನೂ ಬಿಟ್ಟುಬಿಡುತ್ತೆ. ಅದಕ್ಕೆ ಔಷಧಿ ಇದೆ, ದಿನಾ ಎರಡು ಹನಿ. ಹೇಳಿದ್ದು ಮೂತ್ರಪಿಂಡಕ್ಕೇ ಕೇಳಿಸ್ತಿಲ್ಲ ಅಂದ್ರೆ ಆ ಹನಿಯಿಂದ ಏನೂ ಆಗಲ್ಲ."

"ಹೇಳೋರು ಹೇಳ್ತಿಲ್ವೋ, ಕೇಳೋರು ಕೇಳ್ತಿಲ್ವೋ, ಅದು ನೋಡ್ಬೇಕು. ಅಷ್ಟೇ ತಾನೆ?"

"ಅಷ್ಟೇ. ಇಲ್ಲಾ ಬರೀ ಚಟಕ್ಕೆ ಕುಡೀತಿರಬಹುದು."

"ನಮ್ಮ ವಠಾರದಲ್ಲಿ ಮೂರು ತರದವರೂ ಇದಾರೆ ಡಾಕ್ಟ್ರೇ."

ತಲೆಗೆ ಏಟು ಬಿದ್ದ ನಾಯಿ. ಹೇಳುವ ಗ್ರಂಥಿಯೇ ಕೆಟ್ಟಿದೆ ಎಂದು ಅವನಿಗೆ ಅಂದೇ ಖಾತ್ರಿಯಿತ್ತು. ಆ ಖಾತ್ರಿ ಅವನಿಗೆ ಬಹಳ ದಿನದಿಂದ ಸಿಗದಿದ್ದ ಸುಖ ಕೊಟ್ಟಿತ್ತು. ಔಷಧಿ ಮಾತ್ರ ಊರಲ್ಲಿರಲಿಲ್ಲ. ಹಾಸಿಗೆ ಒದ್ದೆ ಮಾಡುವ ಮಕ್ಕಳಿಗೆಂದು ಮಾಡಿದ ಮೂಗಿನ ಹನಿ ಅದು, ಜೋಹಾನ್ಸ್‌ಬರ್ಗಿನ ಅಂಗಡಿಗಳಲ್ಲಿ ಸಿಗುತ್ತಿತ್ತು. ಅಲ್ಲಿಂದ ವ್ಯಾನಿನ ಮೇಲೆ ಮಂಚ, ಎಣ್ಣೆ ಡಬ್ಬ, ಸೈಕಲ್ಲು, ಮದುವೆಯ ಬಟ್ಟೆ ಹೇರಿಕೊಂಡು ಗಡಿ ದಾಟಿಸುವ ಫನುವೆಲನಿಗೆ ತರಲು ಹೇಳಿದ್ದ. ನಾಯಿಗೆ ಎಂದರೆ ಫನುವೆಲ ನಗುತ್ತಾನೆ, ಮೂಲೆಯಲ್ಲಿ ಬಿಸಾಕುತ್ತಾನೆ. ಗಡಿಯಲ್ಲೂ ನಗುತ್ತಾರೆ. ಅದಕ್ಕೆ ಫೋನಿನಲ್ಲಿ, "ನನ್ನ ಮಗುಗೆ ಕಣೋ. ಹುಷಾರಾಗಿ ತಾ" ಅಂದಿದ್ದ. ಹೇಳುವಾಗ ಏನೂ ಅನ್ನಿಸಿರಲಿಲ್ಲ. ಅಷ್ಟು ಸಲೀಸಾಗಿ ಬಂದದ್ದು ಆಮೇಲೆ ಸ್ವಲ್ಪ ವಿಚಿತ್ರ ಅನ್ನಿಸಿತ್ತು.

ನೆನ್ನೆ ಸಂಜೆ ಅವನಿಲ್ಲದಾಗ ಫನುವೆಲ ಬಂದು ಡಬ್ಬಿಯನ್ನು ಹಡೆಬೆಯ ಕೈಗೆ ಕೊಟ್ಟು ಹೋಗಿದ್ದ. ಹಡೆಬೆ ಅದನ್ನು ಲಸಿಕೆಯ ಫ್ರಿಜ್ಜಿನಲ್ಲಿಟ್ಟಿದ್ದ. ಬೆಳಗ್ಗೆ ಆರಕ್ಕೆ ಮಾಗುಮೆಡೆ ನಾಯಿಯನ್ನು ಒಪ್ಪಿಸಿ, ನಿಂತಲ್ಲೇ ಹೇಳಿ ಹೋಗಿದ್ದಳು.

"ಇವತ್ತು ಒಂದು ತೀರ್ಮಾನ ಆಗ್ಲೇಬೇಕು. ಭಾನುವಾರ ವಠಾರದವರೆಲ್ಲ ಕೂತು ಮಾತಾಡಿದಾರೆ. ನಾಳೆ ಬೆಳಗ್ಗೆ ಇದು ಡ್ರಮ್ಮಿಗೆ ಬಾಯಿ ಹಾಕಿದ್ದು ಕಂಡ್ರೆ ನನ್ನ ಸಾಮಾನು ಬೀದೀಲಿ."

"ಬೇರೆ ಯಾರಿಗಾದ್ರೂ ಕೊಡಬಹುದಲ್ಲ."

"ಹನ್ನೊಂದು ಲೀಟರ್ ಕುಡಿಯೋ ನಾಯೀನ ಯಾರು ತಗೋತಾರೆ? ನೀವು ತಗೋತೀರಾ?" ಅವನು ಹಾಳೆ ತಿರುವಿದ್ದನ್ನು ನೋಡಿ ಅವಳು ನಕ್ಕಳು. "ನಾಯಿ ಹೋದ್ರೆ ಹೋಗ್ಲಿ ಅನ್ಬಹುದು. ಆದ್ರೆ ದಿನಾ ಸಂಜೆ ಬಾಗಿಲಲ್ಲಿ ನಿಂತು ಬಜೊಖತಾಲ, ಬಜೊಖತಾಲ ಅಂತ ಕೂಗ್ತೀನಲ್ಲ, ಆಗ ಅವರ ಮುಖ ನೋಡ್ಬೇಕು ನೀವು. ನಾಯಿ ಇಲ್ದೆ ಕೂಗಿದ್ರೆ ಹುಚ್ಚಿ ಅಂತಾರೆ."

ಒಂಬತ್ತೂವರೆಗೆ ನಾಯಿ ಇಪ್ಪತ್ತಮೂರು ಕಿಲೊ ಎಂಟುನೂರು. ಉಚ್ಚೆ ಇನ್ನೂ ನೀರಿನಂತೆಯೇ ತಿಳಿ. ಗಾಜಿನ ಮೇಲೆ ಒಂದು ಹನಿ ಬಿಟ್ಟು ಬೆಳಕಿಗೆ ಹಿಡಿದರೆ ಗಟ್ಟಿತನ ತೋರಿಸುವ ಗೆರೆ ತಳದಲ್ಲೇ ನಿಲ್ಲುತ್ತಿತ್ತು. ಚಟವಾಗಿದ್ದರೆ ಇಷ್ಟು ಹೊತ್ತಿಗೆ ಏರಬೇಕಿತ್ತು. ನಾಯಿ ಕೂಗುತ್ತಿರಲಿಲ್ಲ. ಮೂಲೆಯ ಒಣ ನಲ್ಲಿಯ ಕೆಳಗೆ ಕೂತು ಮೇಲೆ ನೋಡುತ್ತಿತ್ತು. ತಾಳ್ಮೆಯಿಂದ, ಕಚೇರಿಯಲ್ಲಿ ಸಾಹೇಬರ ಬಾಗಿಲು ನೋಡುತ್ತ ಕೂತವರ ಹಾಗೆ.

"ಇದು ಪಾಪದ ಕೆಲಸ" ಅಂದ ಹಡೆಬೆ.

"ಪರೀಕ್ಷೆ, ಬಾಬಾ."

"ನಾನು ಈ ಆಸ್ಪತ್ರೇಲಿ ಮೂವತ್ತು ವರ್ಷದಿಂದ ಇದೀನಿ. ಮನೆಗೆ ಬಂದವರಿಗೆ ಮೊದ್ಲು ನೀರು ಕೊಡ್ತೀವಿ. ಆಮೇಲೆ ಯಾಕೆ ಬಂದ್ರಿ ಅಂತ ಕೇಳ್ತೀವಿ. ನೀವು ಉಲ್ಟಾ ಮಾಡ್ತಿದೀರಿ."

ಹತ್ತಕ್ಕೆ ಫನುವೆಲ ಬಂದ. ದೊಡ್ಡ ದನಿ, ದೊಡ್ಡ ಹೊಟ್ಟೆ, ಎರಡು ರಾತ್ರಿ ನಿದ್ದೆಗೆಟ್ಟ ಕೆಂಪು ಕಣ್ಣು. ಕಂಕುಳಲ್ಲಿ ಸುರುಳಿ ಸುತ್ತಿದ ಏನೋ ಇತ್ತು.

"ಖುಪೆ ಅಣ್ಣಾ! ಮಗು ಹೇಗಿದೆ?"

ಹಡೆಬೆ ನೆಲ ಒರೆಸುವುದನ್ನು ನಿಲ್ಲಿಸಿದ.

"ಪರವಾಗಿಲ್ಲ" ಅಂದ ಮೆತುಸೆಲಿ.

"ಎಷ್ಟು ವಯಸ್ಸು ಅಂದ್ರಿ?"

"ಆರು."

"ಆರಾ! ಅಯ್ಯೋ ಬಿಡಿ. ನಮ್ಮ ಮೂರನೆಯವನು ಒಂಬತ್ತಾಗೋ ತನಕ ಮಂಚಾನ ಕೆರೆ ಮಾಡ್ತಿದ್ದ. ಈಗ ಜೋಬರ್ಗಲ್ಲಿ ಸೆಕ್ಯುರಿಟಿ, ಎತ್ತಿನ ಹಾಗೆ ಇದಾನೆ. ತಗೊಳ್ಳಿ, ಇದು ಅವನದೇ." ಅವನು ಸುರುಳಿ ಬಿಚ್ಚಿದ. ಕೆಂಪು ರಬ್ಬರ್ ಹಾಳೆ. "ಹಾಸಿಗೆ ಮೇಲೆ ಹಾಕಿ. ಹೆಂಡ್ತಿ ತೊಳೆದು ಕೊಟ್ಟಿದಾಳೆ."

"ಯಾಕೆ ತೊಂದ್ರೆ ತಗೊಂಡೆ?"

"ತೊಂದ್ರೆ ಏನು, ಮಗು ಅಲ್ವಾ? ಔಷಧೀನೂ ಹೇಗೆ ತಂದೆ ಗೊತ್ತಾ? ಆ ಅಂಗಡಿಯವನು ತಲೆ ಇಲ್ಲದೋನು. ಪುಟ್ಟ ಡಬ್ಬೀಲಿ ಐಸು ತುಂಬಿ, ನಡುವೆ ಬಾಟ್ಲಿ ಇಟ್ಟು ಕೊಟ್ಟಿದ್ದ. ಐಸು! ಮಗುಗೆ! ಮೂಗಿಗೆ ಹಾಕೋದು, ಎದೆಗೆ ಥಂಡಿ ಇಳಿದ್ರೆ? ಅವನ ಮುಂದೇನೇ ಐಸೆಲ್ಲ ಚೆಲ್ದೆ. ಕಂಬಳೀಲಿ ಸುತ್ತಿ, ನನ್ನ ಸೀಟಿನ ಕೆಳಗೆ, ಎಂಜಿನ್ ಪಕ್ಕ ಇಟ್ಕೊಂಡೆ. ಎರಡು ದಿನ. ಗಡೀಲಿ ಹದಿನಾಲ್ಕು ಗಂಟೆ ಬಿಸಿಲಲ್ಲಿ ನಿಂತಿದ್ವಿ, ಆಗ್ಲೂ ಅಲ್ಲಿಂದ ತೆಗೀಲಿಲ್ಲ. ನೆನ್ನೆ ಕೊಡೋವಾಗ ಮುಟ್ಟಿ ನೋಡ್ದೆ, ಬೆಚ್ಚಗೆ, ಆಗ ತಾನೇ ಇಟ್ಟ ಮೊಟ್ಟೆ ಹಾಗಿತ್ತು."

ಅವನು ಕೈಯನ್ನು ಬಟ್ಟಲಾಗಿಸಿ ತೋರಿಸಿದ.

ಮೆತುಸೆಲಿ ಆ ಖಾಲಿ ಕೈಯನ್ನು ನೋಡಿದ. ಬಿಸಿ ತಾಗಿದರೆ ಕೆಡುತ್ತದೆ, ಐಸಿನಲ್ಲೇ ಇರಬೇಕು ಎಂದು ತಾನು ಹೇಳಿರಲಿಲ್ಲ. ಮಗು ಎಂದು ಮಾತ್ರ ಹೇಳಿದ್ದ. ಮಗುವಿಗೆ ಏನು ಮಾಡಬೇಕೋ ಅದನ್ನು ಈ ಮನುಷ್ಯ ಲೋಪವಿಲ್ಲದೆ ಮಾಡಿದ್ದ.

"ಒಳ್ಳೇದು ಮಾಡ್ದೆ" ಅಂದ.

"ಮಗು ಹೆಸರೇನು? ಪ್ರಾರ್ಥನೇಲಿ ಹೇಳ್ಬೇಕು ಅಂತ ಹೆಂಡ್ತಿ ಕೇಳಿದ್ಲು."

ಮೂಲೆಯಿಂದ ನಾಯಿ ಎದ್ದು ಬಂದು ಫನುವೆಲನ ಬೆವರಿದ ಅಂಗೈ ನೆಕ್ಕತೊಡಗಿತು. ಅವನು ನಕ್ಕು ಕೈ ಎಳೆದುಕೊಂಡು ಪ್ಯಾಂಟಿಗೆ ಒರೆಸಿಕೊಂಡ. ಹೆಸರಿನ ಪ್ರಶ್ನೆ ಅಲ್ಲಿಗೇ ನಿಂತಿತು. ವ್ಯಾನಿನ ಮೇಲಿನ ಒಂದು ಮಂಚವನ್ನು ಇನ್ನೂ ತಲುಪಿಸಬೇಕಿತ್ತು, ಹೊರಟುಹೋದ.

ಹಡೆಬೆ ಬಹಳ ಹೊತ್ತು ಒಂದೇ ಜಾಗ ಒರೆಸಿದ.

"ಮಗು ಯಾರ್ದು ಡಾಕ್ಟ್ರೇ?"

"ಯಾರ್ದೂ ಅಲ್ಲ."

"ಹಾಂ" ಅಂದ ಹಡೆಬೆ. ಬಟ್ಟೆ ಹಿಂಡಿ, "ಬೆಚ್ಚಗಿದ್ರೆ ಏನಾಗುತ್ತೆ? ಔಷಧಿಗೆ?"

"ಏನೂ ಆಗದೆ ಇರಬಹುದು."

ಅದು ಸುಳ್ಳಾಗಿರಲಿಲ್ಲ. ಆಗದೆಯೂ ಇರಬಹುದಿತ್ತು. ಮೆತುಸೆಲಿ ಫ್ರಿಜ್ಜು ತೆಗೆದು ಬಾಟಲಿಯನ್ನು ಬೆಳಕಿಗೆ ಹಿಡಿದ. ತಿಳಿಯಾಗಿತ್ತು. ಬಣ್ಣವಿಲ್ಲ, ಮಡ್ಡಿಯಿಲ್ಲ. ಡಬ್ಬಿಯ ಮೇಲೆ ಮಲಗಿ ನಗುತ್ತಿರುವ ಒಂದು ಮಗುವಿನ ಚಿತ್ರ. ಜೀವವಿದ್ದರೂ ಸತ್ತಿದ್ದರೂ ಈ ದ್ರವ ಹೀಗೇ ಕಾಣುತ್ತದೆ. ಅವನು ಮನಸ್ಸಿನಲ್ಲೇ ತರ್ಕ ಜೋಡಿಸಿದ. ಹನಿ ಕೆಲಸ ಮಾಡಿದರೆ ಎಲ್ಲವೂ ಸರಿ: ಗ್ರಂಥಿ ಕೆಟ್ಟಿದೆ, ನಾಯಿ ಬದುಕುತ್ತದೆ. ಕೆಲಸ ಮಾಡದಿದ್ದರೆ ಏನೂ ತಿಳಿದಂತಾಗುವುದಿಲ್ಲ. ಮೂತ್ರಪಿಂಡ ಕಿವುಡೋ, ಔಷಧಿ ಮೂಕವೋ, ಹೇಳುವ ದಾರಿಯೇ ಇರುವುದಿಲ್ಲ. ವಾಕ್ಯಗಳು ಸ್ಪಷ್ಟವಾಗಿದ್ದವು. ಪರೀಕ್ಷೆಯಲ್ಲಿ ಬರೆದರೆ ಪೂರ್ತಿ ಅಂಕ ಬರುವಂಥವು.

ಹನ್ನೊಂದಕ್ಕೆ ನಾಯಿ ಇಪ್ಪತ್ತಮೂರು ಕಿಲೊ ನಾನೂರಕ್ಕೆ ಇಳಿಯಿತು. ಕಣ್ಣು ಒಳಗೆ ಹೋಗಿತ್ತು, ಒಸಡು ಅಂಟುತ್ತಿತ್ತು. ಉಚ್ಚೆ ಅದೇ ತಿಳಿ. ಚಟವಲ್ಲ. ಅಷ್ಟರಮಟ್ಟಿಗೆ ಅವನು ಗೆದ್ದಿದ್ದ. ಎರಡು ನಿಮಿಷ ಹಸಿರು ಶಾಯಿಯ ಹುಡುಗನ ಸಂತೋಷವಾಯಿತು.

ಹಡೆಬೆ ಕೇಳದೆಯೇ ರಬ್ಬರ್ ಹಾಳೆಯನ್ನು ನಾಯಿಯ ಕೆಳಗೆ ಹಾಸಿದ. ಮೆತುಸೆಲಿ ರೆಪ್ಪೆ ಬಿಡಿಸಿ ಕಣ್ಣಿಗೆ ಎರಡು ಹನಿ ಬಿಟ್ಟ.

"ಮೂಗಿಗೆ ಅಂತ ಬರೆದಿದಾರೆ" ಅಂದ ಹಡೆಬೆ.

"ನಾಯಿ ಸೀನಿ ಆಚೆಗೆ ಹಾಕುತ್ತೆ. ಕಣ್ಣಲ್ಲಿ ಹೀರಿಕೊಳ್ಳುತ್ತೆ."

"ಉಚ್ಚೆ ಕಾಯಿಲೆಗೆ ಕಣ್ಣಿಗೆ ಔಷಧಿ. ಓದಿದವರು ಬಿಡಿ." ಅವನು ನಾಯಿಯ ತಲೆ ಸವರಿದ. "ಈಗ್ಲಾದ್ರೂ ನೀರು?"

"ಗಂಟೆಗೆ ಅರ್ಧ ಲೋಟ. ಅದಕ್ಕಿಂತ ಜಾಸ್ತಿ ಬೇಡ."

ನಾಯಿ ಅರ್ಧ ಲೋಟವನ್ನು ಒಂದೇ ಸಲ ಎಳೆದು, ಬೋಗುಣಿಯನ್ನು ಮೂಗಿನಿಂದ ಕೋಣೆಯ ತುಂಬ ತಳ್ಳಿಕೊಂಡು ತಿರುಗಿತು. ತಗಡು ಸಿಮೆಂಟಿಗೆ ಉಜ್ಜುವ ಸದ್ದು ಮಧ್ಯಾಹ್ನವಿಡೀ ನಿಲ್ಲಲಿಲ್ಲ.

ಒಂದು ಗಂಟೆಗೆ ಗೆರೆ ತಳದಲ್ಲಿತ್ತು. ಎರಡಕ್ಕೂ ತಳದಲ್ಲಿತ್ತು. ಹಡೆಬೆ ಮುದ್ದೆ ಮತ್ತು ಹುಳಿ ಹಾಲು ತಂದಿದ್ದ. ನಾಯಿಗೆ ಬೆನ್ನು ಮಾಡಿ ಕೂತು ತಿಂದ. ಮೆತುಸೆಲಿ ತಿನ್ನಲಿಲ್ಲ. ಫೋನು ತೆಗೆದು 'ಥೆಂಜಿವೆ, ಮಗು ಇಲ್ಲ' ಎಂದು ಬರೆದ. ಓದಿದಾಗ ವಾಕ್ಯ ತೀರ ನಿಜವಾಗಿತ್ತು. ಅವಳಿಗೆ ತಿಳಿಯದೆ ಇರುವುದೇನೂ ಅದರಲ್ಲಿರಲಿಲ್ಲ. ಅಳಿಸಿದ.

ಮೂರಕ್ಕೆ ಗೆರೆ ಒಂದು ಕೂದಲೆಳೆಯಷ್ಟು ಮೇಲಿತ್ತು. ಅವನು ಗಾಜನ್ನು ಅಂಗಿಯ ಅಂಚಿನಿಂದ ಒರೆಸಿ ಇನ್ನೊಂದು ಹನಿ ಬಿಟ್ಟು ನೋಡಿದ. ತಳ. ಮೊದಲಿನದು ಅವನ ಬೆರಳಿನ ಬೆವರಿರಬೇಕು.

"ಆಯ್ತಾ?" ಅಂದ ಹಡೆಬೆ.

"ಇನ್ನೂ ಎರಡು ಗಂಟೆ ಇದೆ."

"ಆ ಕಂಬಳಿ ವಿಷಯ..."

"ನಾನು ನೋಡ್ಕೋತೀನಿ, ಬಾಬಾ."

ಮಾಡುವುದಕ್ಕೆ ಏನಿತ್ತು ಎಂದು ಅವನಿಗೆ ಗೊತ್ತಿತ್ತು. ಇನ್ನೊಂದು ಬಾಟಲಿ ತರಿಸಬೇಕು, ಈ ಸಲ ಐಸಿನಲ್ಲಿ, ಈ ಸಲ ನಾಯಿಗೆಂದೇ ಹೇಳಿ. ಅಲ್ಲಿಯವರೆಗೆ ನಾಯಿ ಆಸ್ಪತ್ರೆಯಲ್ಲೇ ಇರಬಹುದು. ಹಿತ್ತಲಲ್ಲಿ ಟ್ಯಾಂಕಿದೆ, ಗೂಡುಗಳು ಖಾಲಿ ಇವೆ. ಇಷ್ಟಕ್ಕೆ ಬೇಕಾದದ್ದು ಒಂದೇ ವಾಕ್ಯ. ಅದನ್ನು ಮನಸ್ಸಿನಲ್ಲಿ ಹೇಳಿ ನೋಡಿದ. 'ನನ್ನಿಂದ ತಪ್ಪಾಗಿದೆ.' ಅದರ ಹಿಂದೆ ಇನ್ನೊಂದು ಬರುತ್ತಿತ್ತು. 'ನಾನು ಮಗುವಿಗೆ ಎಂದು ಹೇಳಿದ್ದೆ.' ಅದರ ಹಿಂದೆ, ಯಾವ ಮಗು. ಆಮೇಲಿನದಕ್ಕೆ ಅವನು ಹೋಗಲಿಲ್ಲ.

ಮಾಗುಮೆಡೆ ಐದಕ್ಕೆ ಬಂದಳು. ಕೈಯಲ್ಲಿ ಮಾರದೆ ಉಳಿದ ಎರಡು ತೆನೆ. ಒಂದನ್ನು ಹಡೆಬೆಗೆ ಕೊಟ್ಟಳು, ಇನ್ನೊಂದನ್ನು ಮೇಜಿನ ಮೇಲೆ ಹಾಳೆಯ ಪಕ್ಕದಲ್ಲಿಟ್ಟಳು. ನಾಯಿ ಬಾಲವಾಡಿಸಿತು, ಏಳಲಿಲ್ಲ.

"ಇದೇನು, ಒಣಗಿದ ಚರ್ಮದ ಹಾಗಾಗಿದೆ!"

"ಪರೀಕ್ಷೆಯಲ್ಲಿ ಹಾಗೇ."

"ಹೇಳಿ ಮತ್ತೆ. ಹೇಳೋರೋ, ಕೇಳೋರೋ?"

ಅವನು ಹಾಳೆಯನ್ನು ಅವಳ ಕಡೆ ತಿರುಗಿಸಿದ. ಅವಳು ನೋಡಲಿಲ್ಲ, ಅವನ ಮುಖವನ್ನೇ ನೋಡುತ್ತಿದ್ದಳು.

"ಔಷಧಿ ಕೆಲಸ ಮಾಡ್ಲಿಲ್ಲ" ಅಂದ.

"ಹಾಗಂದ್ರೆ ಕೇಳೋರೇ ಕೆಟ್ಟಿರೋದು."

"ಹಾಗೆ ಕಾಣುತ್ತೆ."

"ಕಾಣುತ್ತೋ, ಹೌದೋ? ನನಗೆ ಹೌದು ಇಲ್ಲ ಅಷ್ಟೇ ಅರ್ಥ ಆಗೋದು."

ಹಡೆಬೆ ತೆನೆಯನ್ನು ಬಾಯಿಯವರೆಗೆ ಒಯ್ದವನು ಹಾಗೇ ಹಿಡಿದುಕೊಂಡ.

"ಹೌದು" ಅಂದ ಮೆತುಸೆಲಿ.

ಹೇಳಿದ ಮೇಲೆ ಅವನು ಕಾದ. ಏನಾದರೂ ಆಗಬೇಕಿತ್ತು ಅನ್ನಿಸಿತು. ಫ್ಯಾನು ತಿರುಗುತ್ತಿತ್ತು. ಮಾಗುಮೆಡೆ ತಲೆಯ ಬಟ್ಟೆ ಬಿಚ್ಚಿ ಮುಖ ಒರೆಸಿಕೊಂಡು ಮತ್ತೆ ಕಟ್ಟಿದಳು. ಅಳುತ್ತಿರಲಿಲ್ಲ, ಬಿಸಿಲಿನಿಂದ ಬಂದಿದ್ದಳು.

"ಬೇರೆ ಡಾಕ್ಟ್ರಿಗೆ ತೋರ್ಸು ಅಂದ್ರು ಒಬ್ರು. ನಾನು ತೋರ್ಸಲ್ಲ. ಚಿತ್ರ ಬರೆದು ತಿಳಿಸಿ ಹೇಳಿದೋರು ನೀವೊಬ್ರೇ. ಉಳಿದೋರೆಲ್ಲ ನಾಯಿ ತಾನೆ, ಹೊಡೆದುಹಾಕು ಅಂದ್ರು." ಅವಳು ಕೈ ಚಾಚಿದಳು. "ಎಲ್ಲಿ, ಕಾಗದ ಕೊಡಿ. ಸಹಿ ಬೇಕಲ್ವಾ, ಸೂಜಿ ಹಾಕಿ ಮಲಗಿಸೋದಕ್ಕೆ?"

"ಇವತ್ತೇ ಬೇಕು ಅಂತಿಲ್ಲ."

"ನಾಳೆ ಮಾಡಿದ್ರೆ ಕಿವಿ ಬರುತ್ತಾ ಅದಕ್ಕೆ?"

"ಇಲ್ಲ."

"ಮತ್ತೆ?"

ಅವನು ಕಾಗದ ಕೊಟ್ಟ. ಅವಳು ನಿಧಾನವಾಗಿ, ಪ್ರತಿ ಅಕ್ಷರವನ್ನೂ ಒತ್ತಿ ಬರೆದಳು. ಪ್ರಾಣಿಯ ಹೆಸರು ಎಂಬಲ್ಲಿ ಬಜೊಖತಾಲ ಎಂದು ಬರೆದು ಅದನ್ನೇ ಸ್ವಲ್ಪ ಹೊತ್ತು ನೋಡಿದಳು.

"ಅವರಿಗೆ ಸುಸ್ತಾಗ್ಲೇ ಇಲ್ಲ ನೋಡಿ" ಅಂದಳು.

ಮೆತುಸೆಲಿ ಒಳಗೆ ಹೋಗಿ ಬೀರು ತೆಗೆದು ಸಿರಿಂಜು ತುಂಬಿಸಿದ. ತೂಕಕ್ಕೆ ತಕ್ಕಂತೆ ಲೆಕ್ಕ ಹಾಕಬೇಕಿತ್ತು. ಈ ದಿನ ಅವನಿಗೆ ಖಚಿತವಾಗಿ ಗೊತ್ತಿದ್ದದ್ದು ಆ ತೂಕವೊಂದೇ. ಹೊರಗೆ ಬಂದಾಗ ಮಾಗುಮೆಡೆ ನೆಲದ ಮೇಲೆ ಕುಕ್ಕರಗಾಲಲ್ಲಿ ಕೂತಿದ್ದಳು.

"ತಡೀರಿ. ಬೆಳಗ್ಗೆಯಿಂದ ಕುಡಿದಿಲ್ಲ ತಾನೆ? ಬಾಯಾರಿಸ್ಕೊಂಡು ಕಳಿಸಬಾರ್ದು. ಹೊಟ್ಟೆ ತುಂಬ ಕುಡೀಲಿ. ಕುಡಿದು ಸಾಕು ಅಂದಮೇಲೆ ಮಾಡಿ."

"ಸರಿ."

ಹಡೆಬೆ ಆಗಲೇ ಹೋಗಿದ್ದ. ಹಿತ್ತಲ ಟ್ಯಾಂಕಿನಿಂದ ತುಂಬಿದ ಬಕೆಟ್ಟು ಎರಡೂ ಕೈಯಲ್ಲಿ ಹಿಡಿದು ತಂದು ನಾಯಿಯ ಮುಂದಿಟ್ಟ. ಬೋಗುಣಿಗೆ ಸುರಿಯಲೂ ಇಲ್ಲ.

ನಾಯಿ ಎದ್ದಿತು. ಕುತ್ತಿಗೆಯವರೆಗೆ ತಲೆ ಇಳಿಸಿತು.

ಇಂಥ ಪರೀಕ್ಷೆಯಾದ ಮೇಲೆ ಒಮ್ಮೆಗೇ ಕುಡಿಸಬಾರದು, ಮಿದುಳು ಊದಿಕೊಳ್ಳಬಹುದು, ಸ್ವಲ್ಪ ಸ್ವಲ್ಪವಾಗಿ ಕೊಡಬೇಕು. ಮೆತುಸೆಲಿ ಅದನ್ನು ಹೇಳಲು ಬಾಯಿ ತೆರೆದು ಕೈಯಲ್ಲಿದ್ದ ಸಿರಿಂಜನ್ನು ನೋಡಿ ಮುಚ್ಚಿದ.

ಲೊಚಲೊಚ ಸದ್ದು ಗೋಡೆಗಳಿಂದ ವಾಪಸು ಬರುತ್ತಿತ್ತು. ಬಕೆಟ್ಟಿನಲ್ಲಿ ನೀರು ಇಳಿಯುತ್ತ ಹೋಯಿತು. ನಾಯಿ ತಲೆ ಎತ್ತಿತು. ಗಲ್ಲದಿಂದ ನೀರು ತೊಟ್ಟಿಕ್ಕಿತು. ಮೆತುಸೆಲಿ ಒಂದು ಹೆಜ್ಜೆ ಮುಂದೆ ಬಂದ. ಈಗ ಹೇಳುತ್ತೇನೆ ಅಂದುಕೊಂಡ. ನಾಲಿಗೆಯ ಮೇಲೆ ವಾಕ್ಯ ಸಿದ್ಧವಾಗಿತ್ತು. ನಾಯಿ ಅವನನ್ನು ನೋಡಿತು, ಮಾಗುಮೆಡೆಯನ್ನು ನೋಡಿತು, ಮತ್ತೆ ತಲೆ ಇಳಿಸಿತು. ಅವನು ಹೆಜ್ಜೆ ಹಿಂದೆ ತೆಗೆದ.

ಎರಡನೆಯ ಬಕೆಟ್ಟು ಬಂತು. ಕುಡಿಯುತ್ತಿರುವಾಗಲೇ ನಾಯಿಯ ಹಿಂಗಾಲುಗಳು ಅಗಲವಾದವು. ಉಚ್ಚೆ ಹೋಗತೊಡಗಿತು. ಬಣ್ಣವಿಲ್ಲ, ವಾಸನೆಯಿಲ್ಲ; ಒಳಗೆ ಹೋದದ್ದು ಹೋದ ಹಾಗೇ ಹೊರಗೆ ಬರುತ್ತಿತ್ತು. ಕೆಂಪು ರಬ್ಬರ್ ತುಂಬಿ, ಅಂಚು ದಾಟಿ, ಇಳಿಜಾರಿನಲ್ಲಿ ದಾರಿ ಹುಡುಕಿಕೊಂಡು ನಡೆಯಿತು. ಯಾರೂ ಒರೆಸಲಿಲ್ಲ.

"ಕುಡಿ" ಅನ್ನುತ್ತಿದ್ದಳು ಮಾಗುಮೆಡೆ, ಅದರ ಬೆನ್ನ ಮೇಲೆ ಕೈಯಿಟ್ಟು. "ಕುಡಿ. ಯಾರ ಡ್ರಮ್ಮೂ ಅಲ್ಲ ಇದು."

ಬಕೆಟ್ಟಿನ ತಳ ಕಂಡಿತು. ಹಡೆಬೆ ಹಿಡಿಕೆಗೆ ಕೈ ಹಾಕಿದವನು ಎತ್ತದೆ ನಿಂತ.

"ಇನ್ನೊಂದು ತರ್ಲಾ ಡಾಕ್ಟ್ರೇ?"

ಇಬ್ಬರೂ ಅವನ ಕಡೆ ನೋಡಿದರು. ನಾಯಿಯೂ ನೋಡಿತು.

"ತನ್ನಿ" ಅಂದ ಮೆತುಸೆಲಿ.

ನೆಲದ ಮೇಲಿನ ನೀರು ಅವನ ಷೂ ಮುಟ್ಟಿ, ಎರಡಾಗಿ ಒಡೆದು, ಹಿಮ್ಮಡಿಯ ಹಿಂದೆ ಮತ್ತೆ ಒಂದಾಗಿ ಬಾಗಿಲ ಕಡೆ ಹೋಯಿತು. ಹೊಲಿಗೆಯೊಳಗಿಂದ ಬಿಸಿ ಪಾದಕ್ಕೆ ತಾಗಿತು. ಸಿರಿಂಜನ್ನು ಭುಜದ ಮಟ್ಟಕ್ಕೆ ಎತ್ತಿ ಹಿಡಿದು, ಕಾಲು ತೆಗೆಯದೆ, ನಾಯಿ ಸಾಕು ಅನ್ನುವುದನ್ನು ಕಾಯುತ್ತ ಅವನು ನಿಂತೇ ಇದ್ದ.